ಶುಕ್ರವಾರ ಸಂಜೆ ಐದು ಗಂಟೆ

ಕೊಟ್ಟೂರು
12 ಅಕ್ಟೋಬರ್ 2025

ತಿಪ್ಪೇರುದ್ರಮ್ಮನವರಿಗೆ,

ಪಂಪಮ್ಮ ಮಾಡುವ ನಮಸ್ಕಾರ. ‘ಇಲ್ಲಿ ಎಲ್ಲರೂ ಚೆನ್ನಾಗಿದ್ದೇವೆ’ ಎಂದು ಬರೆದಿದ್ದೆ, ಆಮೇಲೆ ಆ ಸಾಲನ್ನು ಹೊಡೆದುಹಾಕಿದೆ. ಚೆನ್ನಾಗಿಲ್ಲ.

ಮೂರು ವರ್ಷದ ಮೇಲೆ ನಿಮಗೆ ಬರೆಯುತ್ತಿದ್ದೇನೆ. ಫೋನ್ ಮಾಡಕೂಡದೆಂದು ನಮ್ಮ ವಕೀಲ ಗಂಗಾಧರ್ ಕಟ್ಟುನಿಟ್ಟಾಗಿ ಹೇಳಿದ್ದಾರೆ. ನಿಮ್ಮ ಮಗ ಬೀರಲಿಂಗೇಶನ ಫೋನಿನಲ್ಲಿ ಎಲ್ಲ ಮಾತೂ ದಾಖಲಾಗುತ್ತದಂತೆ. ಕಾಗದ ಬರೆಯಬೇಡಿ ಎಂದು ಮಾತ್ರ ಹೇಳಿಲ್ಲ. ಈ ಕಾಲದಲ್ಲಿ ಯಾರಾದರೂ ಬರೆದಾರು ಎಂದು ಅವರಿಗೆ ಹೊಳೆದಿರಲಿಕ್ಕಿಲ್ಲ. ಮನೆಗೆ ಹಾಕಿದರೆ ಮಗನ ಕೈಗೆ ಸಿಕ್ಕೀತೆಂದು ನೀವು ಮೂವತ್ತು ವರ್ಷ ದುಡಿದ, ಹರಪನಹಳ್ಳಿ ಬಳಿಯ ಅರಸೀಕೆರೆಯ ಅಂಗನವಾಡಿಯ ವಿಳಾಸಕ್ಕೆ ಹಾಕುತ್ತಿದ್ದೇನೆ.

ಮೊನ್ನೆ ನನ್ನ ಮಗಳು ಸೌಭಾಗ್ಯಳಿಗೆ ಧಾರವಾಡದ ಹೈಕೋರ್ಟಿನಿಂದ ನೋಟೀಸು ಬಂತು. ನ್ಯಾಯಾಂಗ ನಿಂದನೆಯಂತೆ. ಜುಲೈ ತಿಂಗಳ ಆದೇಶದ ಪ್ರಕಾರ ನಮ್ಮ ಮೊಮ್ಮಗಳು ಪುಷ್ಪಿಯನ್ನು ತಿಂಗಳ ಮೊದಲನೆಯ ಮತ್ತು ಮೂರನೆಯ ಶುಕ್ರವಾರ ಸಂಜೆ ಐದಕ್ಕೆ ಕೊಟ್ಟೂರು ಬಸ್ ನಿಲ್ದಾಣದಲ್ಲಿ ಅವಳ ಅಪ್ಪನಿಗೆ ಒಪ್ಪಿಸಬೇಕು, ಭಾನುವಾರ ಸಂಜೆ ಐದಕ್ಕೆ ಅವನು ಅಲ್ಲಿಗೇ ತಂದು ಬಿಡಬೇಕು. ನಾಲ್ಕು ಶುಕ್ರವಾರ ಒಪ್ಪಿಸದೆ ಶನಿವಾರ ಕಳಿಸಿದ್ದಾರೆ, ಬೇಕೆಂದೇ ಸತಾಯಿಸುತ್ತಿದ್ದಾರೆ ಎಂದು ನಿಮ್ಮ ಮಗ ಅರ್ಜಿ ಹಾಕಿದ್ದಾನೆ.

ಸೌಭಾಗ್ಯ ಸರ್ಕಾರಿ ಆಸ್ಪತ್ರೆಯ ನರ್ಸು. ಶಿಕ್ಷೆಯಾದರೆ ಕೆಲಸಕ್ಕೇ ಕುತ್ತು. ಗಂಡನ ಮನೆ ಬಿಟ್ಟ ಮೇಲೆ ಅವಳಿಗೆ ಇರುವುದು ಆ ಕೆಲಸ ಮತ್ತು ಆ ಮಗು, ಎರಡೇ. ನಿಮ್ಮ ಮಗನಿಗೆ ಹೇಳಿ ಅರ್ಜಿ ವಾಪಸ್ ತೆಗೆಸಬೇಕೆಂದು ಕೇಳಿಕೊಳ್ಳುತ್ತೇನೆ. ಬೀಗತನ ಮುರಿದರೂ ನಾವಿಬ್ಬರೂ ಕೋಗಳಿಯ ಶಾಲೆಯಲ್ಲಿ ಒಂದೇ ಬೆಂಚಿನ ಮೇಲೆ ಕೂತದ್ದು ಸುಳ್ಳಲ್ಲ.

ಇಂತಿ,
ಪಂಪಮ್ಮ
ನಿವೃತ್ತ ಮುಖ್ಯಶಿಕ್ಷಕಿ


ಅರಸೀಕೆರೆ
18 ಅಕ್ಟೋಬರ್ 2025

ಲೇ ಪಂಪಿ,

‘ತಿಪ್ಪೇರುದ್ರಮ್ಮನವರಿಗೆ’ ಎಂದು ಓದಿ ಇದು ಬ್ಯಾಂಕಿನವರ ಕಾಗದ ಇರಬೇಕೆಂದು ಒಮ್ಮೆ ಮಡಚಿಟ್ಟಿದ್ದೆ. ಕೆಳಗೆ ‘ನಿವೃತ್ತ ಮುಖ್ಯಶಿಕ್ಷಕಿ’ ಬೇರೆ. ನನ್ನ ಜಡೆಗೆ ಬೆಂಚಿನ ಹಿಂದೆ ಗಂಟು ಹಾಕಿದವಳು ನೀನೇ ಅಲ್ಲವೇ? ಅಂಗನವಾಡಿಯ ಹೊಸ ಟೀಚರು ಕಾಗದವನ್ನು ಸೆರಗಿನಲ್ಲಿ ಮುಚ್ಚಿಕೊಂಡು ತಂದು ಕೊಟ್ಟಳು. ಯಾರದೋ ಪ್ರೇಮಪತ್ರ ಎಂದುಕೊಂಡಿದ್ದಾಳೆ ಪಾಪ.

ಈಗ ನೇರವಾಗಿ ಕೇಳುತ್ತೇನೆ. ಮೊದಲು ನಮ್ಮ ವಕೀಲರು ಬರೆದಾಗ ಸೌಭಾಗ್ಯ ಏನು ಉತ್ತರ ಕೊಟ್ಟಳು? ಶುಕ್ರವಾರ ಬೀರಲಿಂಗೇಶ್ ಬರಲೇ ಇಲ್ಲ, ಅವನೇ ಶನಿವಾರ ಬಂದ ಎಂದು ಸಹಿ ಹಾಕಿ ಕೊಟ್ಟಿದ್ದಾಳೆ. ನನ್ನ ಮಗ ನಾಲ್ಕೂ ಶುಕ್ರವಾರ ಹರಪನಹಳ್ಳಿಯ ಪಶು ಆಸ್ಪತ್ರೆಯಲ್ಲಿ ಅರ್ಧ ದಿನ ರಜೆ ಹಾಕಿ, ಮಗಳಿಗೆಂದು ಮಂಡಕ್ಕಿ ಮಿರ್ಚಿ ಕಟ್ಟಿಸಿಕೊಂಡು ಕೊಟ್ಟೂರಿಗೆ ಬಂದಿದ್ದ. ನಾಲ್ಕೂ ಸಲ ಆ ಪೊಟ್ಟಣ ಹಾಗೆಯೇ ಮನೆಗೆ ವಾಪಸ್ ಬಂತು. ತಣ್ಣಗಾದ ಮಿರ್ಚಿ ತಿಂದು ನನಗೆ ಎದೆ ಉರಿ ಹತ್ತಿದ್ದು ಬಿಟ್ಟರೆ ಬೇರೆ ಲಾಭವಾಗಲಿಲ್ಲ. ನೀನು ಒಬ್ಬಳೇ ನಿಲ್ದಾಣಕ್ಕೆ ಬಂದು ‘ನಾಳೆ ಬಾ’ ಎಂದು ಹೇಳಿ ಹೋದೆ ಎನ್ನುತ್ತಾನೆ. ಟಿಕೆಟ್ಟುಗಳನ್ನೂ ಇಟ್ಟಿದ್ದಾನೆ.

ಅರ್ಜಿ ವಾಪಸ್ ತೆಗೆ ಎಂದು ಹೇಳಿ ನೋಡಿದೆ. “ಕೋರ್ಟು ಹೇಳೋ ತನ ನಾ ಕೊಟ್ಟೂರಿನ ದಾರಿ ತುಳಿಯಂಗಿಲ್ಲ ಬೇ” ಎಂದು ಕೂತಿದ್ದಾನೆ. ಅವನ ಹಟಕ್ಕೆ ಮಗುವಿನ ಮುಖ ನೋಡದೆ ನನಗೂ ತಿಂಗಳಾಯಿತು. ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯಿತು ಎನ್ನುತ್ತಾರೆ, ಅಜ್ಜಿಯರ ಸುದ್ದಿ ಯಾರೂ ಎತ್ತುವುದಿಲ್ಲ.

ನಿಜ ಏನೆಂದು ಬರೆ. ಬರೆಯುವುದಿಲ್ಲವಾದರೆ ಕ್ಷೇಮ ಸಮಾಚಾರವೂ ಬೇಡ.

ನಿನ್ನ ಹಳೆಯ ಬೆಂಚಿನ
ತಿಪ್ಪಿ


ಕೊಟ್ಟೂರು
2 ನವೆಂಬರ್ 2025

ತಿಪ್ಪಿ,

ಬಂದಿದ್ದ. ನಾಲ್ಕೂ ಸಲ ಬಂದಿದ್ದ.

ಹದಿನೈದು ದಿನ ಈ ಕಾಗದ ಬರೆಯದೆ ಮನೆಯ ಪಾತ್ರೆಯೆಲ್ಲ ತಿಕ್ಕಿ ಮುಗಿಸಿದೆ. ಇನ್ನು ತಿಕ್ಕಲು ಏನೂ ಉಳಿದಿಲ್ಲವಾದ್ದರಿಂದ ಬರೆಯುತ್ತಿದ್ದೇನೆ.

ಶುಕ್ರವಾರ ಸೌಭಾಗ್ಯಳಿಗೆ ಮಧ್ಯಾಹ್ನದಿಂದ ರಾತ್ರಿ ಎಂಟರವರೆಗೆ ಡ್ಯೂಟಿ. ಪುಷ್ಪಿಯನ್ನು ಒಪ್ಪಿಸುವ ಕೆಲಸ ನನಗೆ ಬಿಟ್ಟಿದ್ದಳು. ನಾನು ಮಗುವನ್ನು ಪಕ್ಕದ ಮನೆಯ ನಾಗಲಿಂಗಮ್ಮನ ಹತ್ತಿರ ಆಡಲು ಬಿಟ್ಟು, ಒಬ್ಬಳೇ ನಿಲ್ದಾಣಕ್ಕೆ ಹೋಗಿ, ನಿನ್ನ ಮಗನಿಗೆ ನಾಳೆ ಬಾ ಎಂದು ಹೇಳಿ ಬರುತ್ತಿದ್ದೆ. ಮಗಳಿಗೆ ಅವನು ನಾಳೆ ಬರುತ್ತಾನಂತೆ ಎಂದು ಹೇಳುತ್ತಿದ್ದೆ. ಇಬ್ಬರಿಗೂ ಮಾತಿಲ್ಲ, ಅವನ ನಂಬರನ್ನು ಅವಳು ಬಂದ್ ಮಾಡಿಟ್ಟಿದ್ದಾಳೆ. ನಡುವೆ ನಾನೊಬ್ಬಳೇ. ಆ ಕಡೆ ಒಂದು, ಈ ಕಡೆ ಒಂದು ಹೇಳಿದರೆ ಕೇಳುವವರು ಯಾರು? ಸೌಭಾಗ್ಯ ನನ್ನ ಮಾತು ನಂಬಿ ಉತ್ತರಕ್ಕೆ ಸಹಿ ಹಾಕಿದಳು. ಅವಳ ತಪ್ಪು ಅಷ್ಟೇ.

ಕಾರಣ ಕೇಳಿದರೆ ನಗುತ್ತೀ. ಶುಕ್ರವಾರ ಮನೆಯ ಹೆಣ್ಣುಮಗಳನ್ನು ಬೇರೆ ಮನೆಗೆ ಕಳಿಸಬಾರದು.

ನನ್ನ ಕೈಯಾರೆ ಇದನ್ನು ಬರೆಯಲು ನಾಚಿಕೆಯಾಗುತ್ತದೆ. ಕೂಡ್ಲಿಗಿ, ಹಡಗಲಿ, ಹಗರಿಬೊಮ್ಮನಹಳ್ಳಿ ತಾಲ್ಲೂಕುಗಳ ಶಾಲೆಗಳಲ್ಲಿ ಮೂವತ್ತೆರಡು ವರ್ಷ ಮೂಢನಂಬಿಕೆಯ ವಿರುದ್ಧ ಪಾಠ ಮಾಡಿದವಳು ನಾನು. ಶುಕ್ರವಾರ ಮಗಳ ಟಿ.ಸಿ. ಒಯ್ಯುವುದಿಲ್ಲ ಎಂದ ತಾಯಂದಿರನ್ನು ಎಲ್ಲರ ಮುಂದೆ ಬಯ್ದವಳು. ಹೇಳುವುದು ಆಚಾರ, ತಿನ್ನುವುದು ಬದನೆಕಾಯಿ.

ಆದರೆ ಸೌಭಾಗ್ಯ ನಿಮ್ಮ ಮನೆ ಬಿಟ್ಟು ಬಂದದ್ದು ಶುಕ್ರವಾರ, ತಿಪ್ಪಿ. ಚೀಲ ಹಿಡಿದು, ಐದು ವರ್ಷದ ಪುಷ್ಪಿಯನ್ನು ಎತ್ತಿಕೊಂಡು ಬಂದಳು, ತಿರುಗಿ ಹೋಗಲೇ ಇಲ್ಲ. ಪುಷ್ಪಿಯನ್ನು ಶುಕ್ರವಾರ ಕಳಿಸಿದರೆ ಅವಳೂ ತಿರುಗಿ ಬರುವುದಿಲ್ಲ ಎಂದು ನನಗೆ ಭಯ. ಕಾಗದದ ಮೇಲೆ ಇದು ಎಷ್ಟು ಸಣ್ಣದಾಗಿ ಕಾಣುತ್ತದೆ. ಶುಕ್ರವಾರ ಸಂಜೆ ನಾಲ್ಕೂವರೆಗೆ, ಅವಳ ಜಡೆ ಹಾಕುತ್ತಾ ಕೂತಾಗ ಸಣ್ಣದಾಗಿರುವುದಿಲ್ಲ. ನಿನ್ನ ಮಗನಿಗೇ ಹೇಳಬಹುದಿತ್ತು. ಹೇಳಿದರೆ, ನೀನು ಮಗುವನ್ನು ತಿರುಗಿ ತರಲಿಕ್ಕಿಲ್ಲ ಎಂದು ಮುಖದ ಮೇಲೆ ಅಂದ ಹಾಗೆ. ಅದಕ್ಕೇ ಸುಮ್ಮನೆ ‘ನಾಳೆ ಬಾ’ ಎಂದೆ.

ಮುಂದಿನ ತಿಂಗಳು ಹನ್ನೊಂದಕ್ಕೆ ಧಾರವಾಡದಲ್ಲಿ ಸೌಭಾಗ್ಯ ಹಾಜರಾಗಬೇಕು. ಅವಳಿಗೆ ಇನ್ನೂ ಹೇಳಿಲ್ಲ.

ಪಂಪಿ


ಅರಸೀಕೆರೆ
10 ನವೆಂಬರ್ 2025

ಪಂಪಿ,

ನಕ್ಕೆ. ಕುರಿ ಹಟ್ಟಿಯಲ್ಲಿ ಒಬ್ಬಳೇ ಕೂತು ಕಣ್ಣಲ್ಲಿ ನೀರು ಬರುವ ಹಾಗೆ ನಕ್ಕೆ. ಒಂದು ಬಾರಿ ನಿನ್ನ ಶಾಲೆಗೆ ಬಂದಿದ್ದಾಗ ಬೆಕ್ಕು ಅಡ್ಡ ಬಂತೆಂದು ನಾನು ನಿಂತದ್ದಕ್ಕೆ ಇಡೀ ಏಳನೆಯ ತರಗತಿಯ ಮುಂದೆ ನನಗೆ ಪಾಠ ಮಾಡಿದ್ದೆ. ಆ ಸಾಲವನ್ನು ಇವತ್ತು ಬಡ್ಡಿ ಸಮೇತ ತೀರಿಸಿದೆ.

ಹುಚ್ಚಿ, ನಮ್ಮ ಮನೆಯಲ್ಲಿ ಶುಕ್ರವಾರ ಇಲ್ಲವೇ? ಶುಕ್ರವಾರ ನಾನು ನೆರೆಯವರಿಗೆ ಮೊಸರಿನ ಹೆಪ್ಪು ಸಹ ಕೊಡುವುದಿಲ್ಲ. ಬೀರಲಿಂಗೇಶ್ ಅದನ್ನು ನೋಡಿಯೇ ಬೆಳೆದವನು. ಒಂದು ಮಾತು ಹೇಳಿದ್ದರೆ ಅವನೇ ಬಸ್ಸು ಹತ್ತಿ ಹೋಗಿ ಶನಿವಾರ ಬರುತ್ತಿದ್ದ. ನೀನು ಏನೂ ಹೇಳದೆ ಅಧಿಕಾರಿಯ ಹಾಗೆ ‘ನಾಳೆ ಬಾ’ ಎಂದೆ. ಅವನಿಗೆ ಅವಮಾನವಾಯಿತು. ನನಗೆ ಗೊತ್ತಿದ್ದಿದ್ದರೆ ಈ ಕೋರ್ಟು ನಮ್ಮ ಕಟ್ಟೆಯ ಮೇಲೇ ಮುಗಿದುಹೋಗುತ್ತಿತ್ತು.

ನಕ್ಕ ಮೇಲೆ ಇನ್ನೊಂದು ನೆನಪಾಗಿ ಅತ್ತೆ, ಅದನ್ನೂ ಬರೆಯುತ್ತೇನೆ. ಸೌಭಾಗ್ಯ ಹೊರಟ ದಿನ ನಾನು ಬಾಗಿಲಲ್ಲೇ ಇದ್ದೆ. ಕೊಟ್ಟೂರಿಗೆ ವರ್ಗ ಮಾಡಿಸಿಕೊಂಡದ್ದಕ್ಕೆ ಅವಳಿಗೂ ಅವನಿಗೂ ವರ್ಷದಿಂದ ನಡೆದಿದ್ದ ಜಗಳ ಅವತ್ತು ತುದಿ ಮುಟ್ಟಿತ್ತು. ಅವಳು ಚೀಲ ಎತ್ತಿಕೊಂಡಾಗ ನಾನು ಅಂದದ್ದು ಒಂದೇ ಮಾತು: “ಇವತ್ತು ಶುಕ್ರವಾರ ಐತಿ ಸೌಭಾಗ್ಯ, ನಾಳಿ ಹೋಗುವಿಯಂತಿ ತಡಿ.” ಅವಳು ನನ್ನ ಮುಖ ನೋಡಿದಳು. ನಾನು ಅವಳ ಕೈ ಹಿಡಿದು ಏನಾಯಿತು ತಾಯಿ ಎಂದು ಕೇಳಬೇಕಿತ್ತು. ನನ್ನ ಬಾಯಿಗೆ ವಾರ ಬಂತು, ಮಾತು ಬರಲಿಲ್ಲ. ಮೂರು ವರ್ಷದಿಂದ ಇದನ್ನು ಯಾರಿಗೂ ಹೇಳಿರಲಿಲ್ಲ.

ನಾನು ಮಗನಿಗೆ ಏನೂ ಹೇಳುವುದಿಲ್ಲ. ನಾನು ಹೇಳಿದರೆ ಅದು ಅಜ್ಜಿಯರ ಪಂಚಾಯಿತಿಯಾಗುತ್ತದೆ. ಮೊದಲು ನಿನ್ನ ಮಗಳಿಗೆ ಹೇಳು. ನೀನು ಸುಳ್ಳು ಹೇಳಿದ್ದು ಅವಳಿಗೆ, ಕೋರ್ಟಿಗಲ್ಲ. ಅವಳಿಗೆ ಹೇಳಿದ ಮೇಲೆ ಜಡ್ಜಿಗೆ ಹೇಳುವುದು ಸುಲಭ.

ಕುರಿಗಳು ಮರಿ ಹಾಕುತ್ತಿವೆ. ಮುಂದಿನ ತಿಂಗಳು ಹನ್ನೊಂದಕ್ಕೆ ನಾನು ಧಾರವಾಡಕ್ಕೆ ಬರಲಾರೆ. ಬಂದಿದ್ದರೆ ನಿನ್ನ ಪಕ್ಕವೇ ಕೂರುತ್ತಿದ್ದೆ, ಮಗ ಏನಂದರೂ ಸರಿ.

ತಿಪ್ಪಿ


ಕೊಟ್ಟೂರು
23 ನವೆಂಬರ್ 2025

ತಿಪ್ಪಿ,

ಹೇಳಿದೆ. ಸೌಭಾಗ್ಯ ಮೂರು ದಿನ ನನ್ನೊಡನೆ ಮಾತಾಡಲಿಲ್ಲ. ನಾನು ಮಾಡಿದ ಸಾರನ್ನು ಮುಟ್ಟದೆ ಆಸ್ಪತ್ರೆಯ ಕ್ಯಾಂಟೀನಿನ ಇಡ್ಲಿ ತಿಂದಳು, ಅದು ಎಂಥ ಇಡ್ಲಿ ಎಂದು ಗೊತ್ತಿರುವುದರಿಂದ ಅವಳ ಸಿಟ್ಟಿನ ಅಳತೆ ನನಗೆ ಸಿಕ್ಕಿತು. ನಾಲ್ಕನೆಯ ದಿನ ನನ್ನ ಎದುರು ಬಂದು ಕೂತಳು.

“ಅವ್ವಾ, ನಾ ತಿರುಗಿ ಹೋಗದಿದ್ದದ್ದು ಶುಕ್ರವಾರ ಹೊಂಟಿದ್ದಕ್ಕಲ್ಲ. ನನಗ ಸಾಕಾಗಿತ್ತು. ಸೋಮವಾರ ಹೊಂಟಿದ್ರೂ ಹೋಗತಿರಲಿಲ್ಲ.”

ಅಷ್ಟೇ ಹೇಳಿದಳು. ಮೂರು ವರ್ಷ ಆ ವಾರವನ್ನು ಬಯ್ದೆನೇ ಹೊರತು ಮಗಳನ್ನು ಒಮ್ಮೆಯೂ ಕೇಳಲಿಲ್ಲವಲ್ಲ ಎಂದು ನನಗೂ ಅನ್ನಿಸಿತು. ನೀನು ಬಾಗಿಲಲ್ಲಿ ಕೇಳಲಿಲ್ಲ, ನಾನು ಮನೆಯೊಳಗೆ ಕೂರಿಸಿಕೊಂಡೂ ಕೇಳಲಿಲ್ಲ.

ಗಂಗಾಧರ್ ಅವರಿಗೆ ಎಲ್ಲ ಹೇಳಿದೆವು. ಅವರು ತಲೆ ಹಿಡಿದುಕೊಂಡು, ಮಗುವಿಗೆ ಜ್ವರವಿತ್ತು ಎಂದು ಬರೆಯೋಣ ಎಂದರು. ನಾಲ್ಕೂ ಶುಕ್ರವಾರ ಬಂದು ಶನಿವಾರ ಬಿಡುವ ಜ್ವರ ಯಾವ ಆಸ್ಪತ್ರೆಯಲ್ಲೂ ಇಲ್ಲ ಎಂದು ಸೌಭಾಗ್ಯ ಹೇಳಿದಳು. ಇದ್ದದ್ದು ಇದ್ದ ಹಾಗೆ ಪ್ರಮಾಣಪತ್ರ ಬರೆಸಿದ್ದೇವೆ. ನಾನು ಬಾಯಿ ತೆರೆಯಬಾರದೆಂದು ಗಂಗಾಧರ್ ಅಪ್ಪಣೆ. ನೋಡೋಣ.

ಪಂಪಿ


ಕೊಟ್ಟೂರು
12 ಡಿಸೆಂಬರ್ 2025

ಪ್ರೀತಿಯ ತಿಪ್ಪಿ,

ನಿನ್ನ ಮಗ ಮನೆಗೆ ಬಂದು ಎಷ್ಟು ಹೇಳಿದನೋ ತಿಳಿಯದು. ಅವನು ಮಾತಿನಲ್ಲಿ ಜಿಪುಣ. ಎಲ್ಲ ನಾನೇ ಬರೆಯುತ್ತೇನೆ.

ಹೊಸಪೇಟೆಯ ಮೇಲೆ ಧಾರವಾಡ ಮುಟ್ಟುವುದರಲ್ಲಿ ನನ್ನ ಸೊಂಟ ಹೇಳದೆ ಕೇಳದೆ ಹೋಗಿತ್ತು. ಕೋರ್ಟು ನಮ್ಮ ಶಾಲೆಗಳಿಗಿಂತ ನಿಶ್ಶಬ್ದ. ನಮ್ಮ ಸರದಿ ಬಂದಾಗ ಸೌಭಾಗ್ಯ ಎದ್ದು ಮುಂದೆ ನಿಂತಳು. ಆಸ್ಪತ್ರೆಯಲ್ಲಿ ಎಂಥ ರಕ್ತ ಕಂಡರೂ ಅಂಜದವಳು ಹಿಂದೆ ತಿರುಗಿ ನನ್ನನ್ನು ಹುಡುಕಿದಳು. ಅದನ್ನು ನೋಡಿ ನಾನು ಗಂಗಾಧರ್ ಅವರ ಅಪ್ಪಣೆಯನ್ನು ಮರೆತೆ. ಎದ್ದು ಅವಳ ಪಕ್ಕ ಹೋಗಿ ನಿಂತು, ತಪ್ಪು ಅವಳದಲ್ಲ, ನನ್ನದು ಎಂದೆ.

ಜಡ್ಜು ಹೆಣ್ಣುಮಗಳು, ನಮಗಿಂತ ಚಿಕ್ಕವರು. ವಕೀಲರನ್ನು ಸುಮ್ಮನಿರಿಸಿ ನನ್ನನ್ನೇ ಮಾತಾಡಿಸಿದರು. ಶುಕ್ರವಾರದ್ದು, ಭಯದ್ದು, ಎರಡು ಕಡೆ ಎರಡು ಸುಳ್ಳು ಹೇಳಿದ್ದು, ಎಲ್ಲ ಹೇಳಿದೆ. ಕೋರ್ಟಿನ ಆದೇಶಕ್ಕಿಂತ ನಿಮ್ಮ ಪಂಚಾಂಗ ದೊಡ್ಡದೇ ಎಂದು ಕೇಳಿದರು. ಅಲ್ಲ ಎಂದೆ. ಏನು ಕೆಲಸ ಮಾಡುತ್ತಿದ್ದಿರಿ ಎಂದರು. ಹೇಳಿದೆ.

“ನಿಮ್ಮ ಶಾಲೆಯಲ್ಲಿ ಮಗು ಸುಳ್ಳು ಹೇಳಿದರೆ ಏನು ಮಾಡುತ್ತಿದ್ದಿರಿ?”

“ಗಂಟೆ ಬಾರಿಸುವವರೆಗೂ ನಿಲ್ಲಿಸುತ್ತಿದ್ದೆ” ಎಂದೆ.

ಸಭೆಯಲ್ಲಿ ಒಂದಿಬ್ಬರು ನಕ್ಕರು. ಅವರು ನಗಲಿಲ್ಲ. ಬೀರಲಿಂಗೇಶ್ ಕಡೆ ತಿರುಗಿ, ಇಂಥದ್ದು ನಿಮ್ಮ ಮನೆಯಲ್ಲೂ ಇದೆಯೇ ಎಂದು ಕೇಳಿದರು. ಅವನು ಇಲ್ಲ ಎಂದಿದ್ದರೆ ನಮ್ಮ ಕಥೆ ಮುಗಿಯುತ್ತಿತ್ತು ತಿಪ್ಪಿ, ಅವನ ವಕೀಲರು ಅದನ್ನೇ ಕಾಯುತ್ತಿದ್ದರು.

“ಐತ್ರಿ” ಎಂದ. “ಅತ್ತಿ ಅವತ್ತಾ ನನಗ ಹೇಳಿದ್ರ ನಾ ಇಲ್ಲಿ ತನ ಬರತಿರಲಿಲ್ರಿ. ನನ್ನ ಮ್ಯಾಲೆ ನಂಬಿಕಿ ಇಲ್ಲ ಅಂತ ತಿಳಕಂಡೆ.”

ಮೂರು ವರ್ಷದ ಮೇಲೆ, ಅಷ್ಟು ಜನರ ನಡುವೆ, ನನ್ನನ್ನು ಅತ್ತೆ ಎಂದು ಕರೆದ. ನನಗೆ ಕೋರ್ಟು, ಜಡ್ಜು ಯಾವುದೂ ಕಾಣದ ಹಾಗೆ ಕಣ್ಣು ತುಂಬಿತು.

ನಮ್ಮ ಕ್ಷಮಾಪಣೆಯನ್ನು ಒಪ್ಪಿಕೊಂಡು ಪ್ರಕರಣ ಮುಗಿಸಿದರು. ಇನ್ನೊಮ್ಮೆ ಹೀಗಾದರೆ ಕ್ಷಮೆ ಇಲ್ಲವೆಂದು ಸೌಭಾಗ್ಯಳಿಗೂ, ಅವಳಿಗಿಂತ ಗಟ್ಟಿಯಾಗಿ ನನಗೂ ಎಚ್ಚರಿಕೆ ಕೊಟ್ಟರು. ಇಬ್ಬರೂ ಒಪ್ಪಿ ಬರೆದುಕೊಟ್ಟರೆ ಶುಕ್ರವಾರದ ಬದಲು ಶನಿವಾರ ಮಾಡಬಹುದು ಎಂದೂ ಹೇಳಿದರು. ವಕೀಲರಿಬ್ಬರೂ ಪೆನ್ನು ತೆಗೆದರು. ನಾನು ಬೇಡ ಎಂದೆ. ಅವನ ಪಾಲಿಗೆ ಬಂದ ಸಂಜೆ ಅದು, ನಾಲ್ಕನ್ನು ನಾನೇ ಕಿತ್ತುಕೊಂಡಿದ್ದೇನೆ. ಇನ್ನು ಕಾಯಂ ಆಗಿ ಕಿತ್ತುಕೊಳ್ಳಲೇ?

ಆಮೇಲೆ ಕೂತುಕೊಳ್ಳಿ ಎಂದರು. ನಾನು ಹಿಂದೆ ಹೋಗಿ ಗೋಡೆಯ ಬದಿಗೆ ನಿಂತೆ. ಕೋರ್ಟಿನ ಜವಾನ ಎರಡು ಸಲ ಬಂದು ಜಾಗ ತೋರಿಸಿದ. ಊಟಕ್ಕೆ ಎಲ್ಲರೂ ಏಳುವವರೆಗೂ ನಿಂತೇ ಇದ್ದೆ. ಈಗ ಮೊಣಕಾಲು ಊದಿ ಎಣ್ಣೆ ಹಚ್ಚಿಕೊಂಡು ಕೂತಿದ್ದೇನೆ, ಆದರೂ ಹಗುರಾಗಿದ್ದೇನೆ.

ಬರುವ ಶುಕ್ರವಾರ, ಹತ್ತೊಂಬತ್ತಕ್ಕೆ, ಪುಷ್ಪಿ ಬರುತ್ತಾಳೆ. ನಾನೇ ಕರೆತಂದು ಒಪ್ಪಿಸುತ್ತೇನೆ.

ನಿನ್ನ
ಪಂಪಿ


ಅರಸೀಕೆರೆ
22 ಡಿಸೆಂಬರ್ 2025

ಪಂಪಿ,

ನಿನ್ನ ಮೊಮ್ಮಗಳು ಅನ್ನಲೋ ನನ್ನ ಮೊಮ್ಮಗಳು ಅನ್ನಲೋ, ಎರಡು ದಿನದಲ್ಲಿ ಮನೆಯನ್ನು ತಲೆಕೆಳಗು ಮಾಡಿ ಹೋದಳು. ಹೊಸ ಮರಿಗಳಿಗೆಲ್ಲ ಹಾಜರಿ ಕರೆದಳು. ಹನ್ನೊಂದು ಮರಿಗಳಿಗೂ ಹೆಸರಿಟ್ಟಿದ್ದಾಳೆ, ಅವಳು ಹೋದ ಮೇಲೆ ನನಗೆ ಒಂದೂ ನೆನಪಿಲ್ಲ. ಮುಂದಿನ ಸಲ ಬಂದಾಗ ಪರೀಕ್ಷೆ ಇದೆಯಂತೆ. ಇದು ಯಾರ ರಕ್ತವೆಂದು ಕೇಳಬೇಕಾಗಿಲ್ಲ.

ನೀನು ಶುಕ್ರವಾರ ನಾಲ್ಕೂಕಾಲಿಗೇ ನಿಲ್ದಾಣದಲ್ಲಿ ಮಗುವಿನ ಜೊತೆ ಕೂತಿದ್ದೆಯಂತೆ. ಬಸ್ಸು ಹೊರಟ ಮೇಲೂ ಕೈ ಆಡಿಸುತ್ತ ಅಲ್ಲೇ ನಿಂತಿದ್ದೆ ಎಂದು ಬೀರಲಿಂಗೇಶ್ ಹೇಳಿದ. ಭಾನುವಾರ ಅವನು ಊಟ ಮುಗಿದದ್ದೇ ಹೊರಡು ಹೊರಡು ಎಂದು ಮಗುವಿನ ಪ್ರಾಣ ತೆಗೆದ. ಐದಕ್ಕೆ ಇಪ್ಪತ್ತು ನಿಮಿಷ ಇರುವಾಗಲೇ ತಂದು ಮುಟ್ಟಿಸಿದನಲ್ಲ? ಅಷ್ಟು ಅವಸರವೇಕೋ ಎಂದರೆ “ಅತ್ತಿ ಕಾಯತಿರತಾರ ಬೇ” ಎಂದ.

ಇನ್ನೊಂದು. ಊಟಕ್ಕೆ ಕೂತಾಗ ಮಗು ಅವನನ್ನು ಕೇಳಿದಳು, ಇಷ್ಟು ದಿನ ಶುಕ್ರವಾರ ಯಾಕೆ ಬರಲಿಲ್ಲ ಅಪ್ಪ ಎಂದು. ನನ್ನ ಕೈಯಲ್ಲಿನ ತುತ್ತು ಅಲ್ಲೇ ನಿಂತಿತು. ಅವನು ರೊಟ್ಟಿ ಮುರಿಯುತ್ತಾ, ಬಸ್ಸು ತಪ್ಪುತ್ತಿತ್ತು ಪುಟ್ಟಿ ಎಂದ. ನಿನ್ನ ಮಾನ ಮೊಮ್ಮಗಳ ಮುಂದೆ ಉಳಿಯಿತು. ಈಗ ಮನೆತನದಲ್ಲಿ ಸುಳ್ಳುಗಾರರು ಇಬ್ಬರಾದಿರಿ.

ತಿಪ್ಪಿ


ಅರಸೀಕೆರೆ
9 ಜನವರಿ 2026

ಪಂಪಿ,

ಈ ಕಾರ್ಡನ್ನು ಸಂಕೋಚದಿಂದ ಬರೆಯುತ್ತಿದ್ದೇನೆ. ಹದಿನಾರಕ್ಕೆ ಶುಕ್ರವಾರ, ಪುಷ್ಪಿ ಬರುತ್ತಾಳೆ. ಹದಿನೆಂಟಕ್ಕೆ ಭಾನುವಾರ ಐದಕ್ಕೆ ಮರಳಿಸಬೇಕು. ಗೋಡೆಯ ಕ್ಯಾಲೆಂಡರ್ ನೋಡಿದರೆ ಅವತ್ತು ಅಮಾವಾಸ್ಯೆ.

ಅಮಾವಾಸ್ಯೆಯ ದಿನ ಮಗುವನ್ನು ಹೇಗೆ ದಾರಿಗೆ ಹಾಕಲಿ? ನಿನಗೆ ಬುದ್ಧಿ ಹೇಳಿದವಳು ನಾನೇ, ಗೊತ್ತು. ನಿನ್ನ ಹಾಗೆ ಮುಚ್ಚಿಡದೆ ಮೊದಲೇ ತಿಳಿಸುತ್ತಿದ್ದೇನೆ. ಕಳಿಸು ಎಂದರೆ ಕಳಿಸುತ್ತೇನೆ. ಎದೆ ಮಾತ್ರ ಹೊಡೆದುಕೊಳ್ಳುತ್ತಿರುತ್ತದೆ. ನಗುವುದಿದ್ದರೆ ಈಗಲೇ ನಕ್ಕು ಮುಗಿಸು.

ತಿಪ್ಪಿ


ಕೊಟ್ಟೂರು
18 ಜನವರಿ 2026, ಭಾನುವಾರ
ಸಂಜೆ ಐದು ಗಂಟೆ

ತಿಪ್ಪಿ,

ನಕ್ಕೆ. ಮೂರು ದಿನ ನಕ್ಕೆ. ಆಮೇಲೆ ನಿನ್ನ ಕಾರ್ಡನ್ನು ಸೌಭಾಗ್ಯಳಿಗೆ ಕೊಟ್ಟೆ. ನಡುವೆ ನಿಂತು ಎರಡು ಕಡೆ ಹೇಳುವ ಕೆಲಸ ನಾನು ಇನ್ನು ಮಾಡುವುದಿಲ್ಲ, ನಿನ್ನ ಮಗಳು, ನೀನು ಏನಾದರೂ ಮಾಡಿಕೋ ಎಂದೆ.

ಅವಳು ಎರಡು ಸಲ ಓದಿದಳು. ಫೋನು ತೆಗೆದುಕೊಂಡು ಹಿತ್ತಲಿಗೆ ಹೋದಳು. ತಿರುಗಿ ಬಂದು ನನಗೆ ತೋರಿಸಿದಳು. ಬಂದ್ ಮಾಡಿಟ್ಟಿದ್ದ ಅವನ ನಂಬರನ್ನು ಬಿಡಿಸಿ ಅವಳೇ ಬರೆದಿದ್ದಾಳೆ: ‘ಭಾನುವಾರ ಅಮಾವಾಸ್ಯೆ. ನಿಮ್ಮ ಅವ್ವ ಹೆದರುತ್ತಾರೆ. ಸೋಮವಾರ ಬೆಳಿಗ್ಗೆ ಶಾಲೆಗೆ ತಂದು ಬಿಡಿ. ನನ್ನ ಆಕ್ಷೇಪಣೆ ಇಲ್ಲ.’ ಅವನ ಉತ್ತರ: ‘ಆಗಲಿ. ಸ್ವೆಟರ್ ತಂದಿಲ್ಲ, ಇಲ್ಲಿ ಒಂದು ಕೊಡಿಸಲಾ?’ ಅದಕ್ಕೆ ಇವಳು: ‘ಕೊಡಿಸಿ. ಉಣ್ಣೆಯದು ಬೇಡ, ಮೈ ಕೆರೆಯುತ್ತದೆ.’

ಅಷ್ಟೇ. ಅವರು ಮತ್ತೆ ಗಂಡ ಹೆಂಡತಿಯಾಗುವುದಿಲ್ಲ ತಿಪ್ಪಿ, ಆ ಆಸೆ ನೀನೂ ಇಟ್ಟುಕೊಳ್ಳಬೇಡ, ಸೌಭಾಗ್ಯ ನನಗೆ ಸ್ಪಷ್ಟವಾಗಿ ಹೇಳಿದ್ದಾಳೆ. ಆದರೆ ಮೂರು ವರ್ಷ ವಕೀಲರು ಮಾತಾಡಿದ ಮೇಲೆ ಮಗುವಿನ ಅಪ್ಪ ಅವ್ವ ಒಂದು ಸ್ವೆಟರಿನ ವಿಷಯ ತಾವೇ ಮಾತಾಡಿಕೊಂಡರು. ನಾನು ಒಲೆಯ ಮುಂದೆ ಕೂತು ಸಂತೋಷಕ್ಕೆ ಅತ್ತೆ.

ಈಗ ಐದಾಗಿ ಹತ್ತು ನಿಮಿಷ. ಆದೇಶದ ಪ್ರಕಾರ ಪುಷ್ಪಿ ಈಗ ಕೊಟ್ಟೂರು ಬಸ್ ನಿಲ್ದಾಣದಲ್ಲಿ ಇಳಿದಿರಬೇಕು. ಇಳಿದಿಲ್ಲ. ಮೊಮ್ಮಗಳು ಹೇಳಿದ ಹೊತ್ತಿಗೆ ಮನೆಗೆ ಬಂದಿಲ್ಲ, ಮತ್ತು ನಾನು ನಿಲ್ದಾಣಕ್ಕೆ ಓಡಿಲ್ಲ, ಬಾಗಿಲಲ್ಲಿ ನಿಂತಿಲ್ಲ, ನಿನ್ನ ಮಗನ ಮೇಲೆ ಒಂದು ಕೆಟ್ಟ ಯೋಚನೆಯೂ ಬಂದಿಲ್ಲ. ಚಹಾ ಮಾಡಿಕೊಂಡು ಕುಡಿಯುತ್ತಾ ನಿನಗೆ ಬರೆಯುತ್ತಿದ್ದೇನೆ.

ಈ ಕಾಗದ ನಿನ್ನ ಕೈ ಸೇರುವಷ್ಟರಲ್ಲಿ ನಾಳೆ ಕಳೆದಿರುತ್ತದೆ, ಆದರೂ ಬರೆಯುತ್ತೇನೆ. ನಾಳೆ ಚಳಿ ಹೆಚ್ಚಿದ್ದರೆ ಮಗುವನ್ನು ಬೇಗ ಎಬ್ಬಿಸಬೇಡ. ಶಾಲೆಗೆ ಸ್ವಲ್ಪ ತಡವಾದರೂ ನಡೆಯುತ್ತದೆ.

ನಿನ್ನ
ಪಂಪಿ